ಕಾದಂಬರಿಯ ನೂಲಜ್ಜಿಗೆ ಒಂದು ಜ್ವರದ ಹಾಡು ಬೇಕು

ಬಯಲುಕಥೆ:
ಎಲ್ಲರಿಗೂ ನಮಸ್ಕಾರ. ನಾಲ್ಕು ವರ್ಷದಿಂದ ಒಂದು ಕಾದಂಬರಿ ಬರೆಯುತ್ತಿದ್ದೇನೆ. ಅದರ ಲೋಕ ಪೂರ್ತಿ ಕಲ್ಪನೆಯದು. ಹೆಬ್ಬಯಲು ಅಂತ ಹೆಸರಿಟ್ಟಿದ್ದೇನೆ. ಅಲ್ಲಿ ನದಿ ಇಲ್ಲ, ಕೆರೆ ಇಲ್ಲ. ಬಾವಿಗಳು ಬತ್ತಿ ಎಷ್ಟೋ ತಲೆಮಾರು ಕಳೆದಿದೆ. ಬೆಳಗಿನ ಜಾವ ಮಂಜು ಮಾತ್ರ ಬರುತ್ತೆ. ಜನ ನೂಲಿನ ಬಲೆ ಕಟ್ಟಿ ಆ ಮಂಜನ್ನು ಹಿಡಿದು, ಹನಿ ಹನಿ ನೀರು ಕೂಡಿಸಿ ಬದುಕುತ್ತಾರೆ. ಊರಾಚೆ ಉಪ್ಪಿನ ಗುಡ್ಡ ಇದೆ. ಅಲ್ಲಿ ಯಾರೂ ವಾಸ ಇಲ್ಲ.

ಹದಿನಾಲ್ಕನೇ ಅಧ್ಯಾಯದಲ್ಲಿ ಬಲೆ ಕಾಯುವ ಹುಡುಗನೊಬ್ಬನಿಗೆ ಜ್ವರ ಬರುತ್ತೆ. ಕಾವಳದಲ್ಲಿ, ಅಂದರೆ ಆ ಮಂಜಿನಲ್ಲಿ, ಓಡಾಡಿದವರಿಗೆ ಬರುವ ಜ್ವರ ಅದು, ಜನ ಅದಕ್ಕೆ ಕಾವಳಿ ಅನ್ನುತ್ತಾರೆ. ಊರಿನ ನೂಲಜ್ಜಿಯನ್ನು ಕರೆಸುತ್ತಾರೆ. ಅವಳು ಹುಡುಗನ ಮೈಗೆ ನೂಲು ಸುತ್ತುತ್ತಾ ರಾತ್ರಿಯಿಡೀ ಒಂದು ಹಾಡು ಹೇಳುತ್ತಾಳೆ. ಆ ಹಾಡು ಹೀಗೆ ಬರೆದಿದ್ದೆ:

ಓ ಜ್ಯೋತಿರ್ಮಯಿ, ಓ ಕರುಣಾಸಿಂಧು,
ನಿನ್ನ ದಿವ್ಯ ಕಿರಣಗಳಿಂದ ಈ ಬಾಲಕನ
ತಾಪವನು ಹರಿಸು, ಚೈತನ್ಯ ತುಂಬು,
ಆರೋಗ್ಯದ ಅಮೃತವ ಸುರಿಸು.

ತಂಗಿಗೆ ಓದಿ ಹೇಳಿದೆ. "ಶಾಲೆಯ ಪ್ರಾರ್ಥನೆ ಕೇಳಿದ ಹಾಗಿದೆ, ಪಕ್ಕದಲ್ಲಿ ಜ್ವರದ ಮಗು ಮಲಗಿರೋ ಹಾಗೆ ಅನ್ನಿಸಲ್ಲ" ಅಂದಳು. ನಿಜ ಅನ್ನಿಸಿತು. ಆದರೆ ಎಲ್ಲಿ ತಪ್ಪಿದೆ ಅಂತ ಗೊತ್ತಾಗ್ತಿಲ್ಲ. ಇಂಥ ಹಾಡು ಕೇಳಿದವರು, ಓದಿದವರು ಇದ್ದರೆ ಸ್ವಲ್ಪ ಸಹಾಯ ಮಾಡಿ.

ಹಳೇಹೊತ್ತಿಗೆ:
ಒಂದೇ ಪ್ರಶ್ನೆ. ನಿಮ್ಮ ಅಜ್ಜಿ ಯಾರ ಜೊತೆ ಮಾತಾಡ್ತಿದ್ದಾಳೆ? ದೇವಿಯ ಜೊತೆ. ಹಾಗಾಗಿ ಅದು ಪ್ರಾರ್ಥನೆ ಆಗಿದೆ. ಕಾಯಿಲೆ ಬಿಡಿಸುವ ಹಳೆಯ ಹಾಡುಗಳಲ್ಲಿ ಎಷ್ಟೋ ಸಲ ಮಾತು ನಡೆಯೋದು ಕಾಯಿಲೆಯ ಜೊತೆಗೇ.

ಅಥರ್ವವೇದದ ಜ್ವರದ ಸೂಕ್ತಗಳನ್ನು ನೋಡಿ. ಅಲ್ಲಿ ಜ್ವರಕ್ಕೆ ತಕ್ಮನ್ ಅಂತ ಹೆಸರು. ಮೊದಲ ಕಾಂಡದ 25ನೇ ಸೂಕ್ತದಲ್ಲಿ "ನಿನ್ನ ಹುಟ್ಟು ಎಲ್ಲಿ ಅಂತ ಹೇಳುತ್ತಾರೆ, ನಿನ್ನ ಹೆಸರು ಇದು" ಅಂತ ಜ್ವರಕ್ಕೇ ಹೇಳುತ್ತಾರೆ. ನೀನು ಯಾರು ಅಂತ ನನಗೆ ಗೊತ್ತು ಅನ್ನೋ ಮಾತು ಅದು. ಐದನೇ ಕಾಂಡದ 22ನೇ ಸೂಕ್ತ ಇನ್ನೂ ಚೆನ್ನಾಗಿದೆ. ಅಲ್ಲಿ ಜ್ವರಕ್ಕೆ ಒಂದು ಮನೆತನವೇ ಇದೆ. ಅಣ್ಣತಮ್ಮ ಬಲಾಸ ಅನ್ನೋ ಇನ್ನೊಂದು ಕಾಯಿಲೆ, ತಂಗಿ ಕೆಮ್ಮು, ದಾಯಾದಿ ತುರಿ. "ಇವರನ್ನೆಲ್ಲ ಕರಕೊಂಡು ಆಚೆ ಜನರ ಹತ್ತಿರ ಹೋಗು" ಅಂತಾರೆ. ಹೋಗಬೇಕಾದ ಜಾಗವನ್ನೂ ಹೆಸರು ಹಿಡಿದು ಹೇಳುತ್ತಾರೆ: ಗಂಧಾರ, ಮೂಜವಂತ, ಅಂಗ, ಮಗಧ. ಆ ಹಾಡು ಕಟ್ಟಿದವರಿಗೆ ಇವೆಲ್ಲ ಗಡಿಯಾಚೆಯ ನಾಡುಗಳು.

ಈಗ ನಿಮ್ಮ ಹಾಡು ನೋಡಿ. ಕಾವಳಿಯ ಹೆಸರೇ ಇಲ್ಲ. ಅವಳು ಎಲ್ಲಿ ಹುಟ್ಟಿದಳು, ಯಾರ ಮಗಳು, ಬಿಟ್ಟು ಎಲ್ಲಿಗೆ ಹೋಗಬೇಕು, ಯಾವುದೂ ಇಲ್ಲ. ಈ ಮೂರು ಸಿಕ್ಕರೆ ಹಾಡು ತಾನಾಗಿ ಹುಟ್ಟುತ್ತೆ.

ಮಲೆನಾಡ ಮಳೆ:
ನಾನು ಸಾಗರದ ಕಡೆಯವಳು. ಹಳೇಹೊತ್ತಿಗೆಯವರು ಹೇಳಿದ್ದು ಓದಿ ನಮ್ಮಜ್ಜಿ ದೃಷ್ಟಿ ತೆಗೀತಿದ್ದದ್ದು ನೆನಪಾಯ್ತು. ಬಲಗೈಯಲ್ಲಿ ಕಲ್ಲುಪ್ಪು, ಎರಡು ಒಣಮೆಣಸು, ಪೊರಕೆಯ ಒಂದೆರಡು ಕಡ್ಡಿ. ಮೂರು ಸಲ ನೀವಾಳಿಸುವುದು. ಬಾಯಲ್ಲಿ "ನಾಯಿ ಕಣ್ಣು, ನರಿ ಕಣ್ಣು, ಅಕ್ಕಪಕ್ಕದವರ ಕಣ್ಣು, ಹೋದವರ ಕಣ್ಣು, ಬಂದವರ ಕಣ್ಣು" ಅಂತ ಒಂದೇ ಉಸಿರಲ್ಲಿ ಹೇಳೋರು. ಆಮೇಲೆ ಎಲ್ಲಾನೂ ಒಲೆಗೆ ಹಾಕೋರು. ಉಪ್ಪು ಚಟಪಟ ಅಂತ ಸಿಡಿದರೆ "ನೋಡು, ಎಷ್ಟು ದೃಷ್ಟಿ ಆಗಿತ್ತು" ಅನ್ನೋರು. ಮೆಣಸಿನ ಘಾಟು ಬರಲಿಲ್ಲ ಅಂದರೂ ಅದೇ ಮಾತು.

ಅದರಲ್ಲಿ ದೇವರ ಹೆಸರೇ ಇರಲಿಲ್ಲ ಅಂತ ಈಗ ಹೊಳೀತಿದೆ. ಬರೀ ಕಣ್ಣುಗಳ ಲೆಕ್ಕ. ಯಾವ ಕಣ್ಣೂ ತಪ್ಪಿಸಿಕೊಳ್ಳಬಾರದು ಅಂತ ಒಂದೊಂದನ್ನೂ ಕರೆಯೋದು.

ಹೆಲ್ಸಿಂಕಿ ಚಳಿ:
ನಾನು ಒಂಬತ್ತು ವರ್ಷದಿಂದ ಫಿನ್‌ಲೆಂಡಿನಲ್ಲಿದ್ದೇನೆ. ಇಲ್ಲಿನ ಕಾಲೆವಾಲದಲ್ಲಿ ಇದಕ್ಕೆ ಸರಿಯಾಗಿ ಹೊಂದುವ ಒಂದು ಕಥೆ ಇದೆ. ಅದು ಎಲಿಯಾಸ್ ಲೊನ್‌ರೋತ್ ಹಳ್ಳಿಗಾಡಿನ ಹಾಡುಗಳನ್ನು ಕೂಡಿಸಿ 1835ರಲ್ಲಿ, ಆಮೇಲೆ ಹಿಗ್ಗಿಸಿ 1849ರಲ್ಲಿ ತಂದ ಮಹಾಕಾವ್ಯ. ಮುದುಕ ವೈನಾಮೊಯ್ನೆನ್ ದೋಣಿ ಕಟ್ಟುವಾಗ ಕೊಡಲಿ ತಪ್ಪಿ ಮೊಣಕಾಲಿಗೆ ಬೀಳುತ್ತೆ. ರಕ್ತ ನಿಲ್ಲೋದೇ ಇಲ್ಲ. ರಕ್ತ ನಿಲ್ಲಿಸುವ ಮುದುಕನನ್ನು ಹುಡುಕಿಕೊಂಡು ಹೋದರೆ, ಆ ಮುದುಕ "ಕಬ್ಬಿಣದ ಹುಟ್ಟು ನನಗೆ ಗೊತ್ತಿಲ್ಲ, ಅದು ಗೊತ್ತಾಗದೆ ನಾನು ಏನೂ ಮಾಡಲಾರೆ" ಅಂತಾನೆ. ಆಗ ಗಾಯಗೊಂಡವನೇ ಕೂತು ಹೇಳುತ್ತಾನೆ.

ಕಬ್ಬಿಣ ಹುಟ್ಟಿದ್ದು ಮೂರು ಕನ್ಯೆಯರ ಹಾಲಿನಿಂದ. ಕಪ್ಪು ಹಾಲು ಮೆದು ಕಬ್ಬಿಣ ಆಯಿತು, ಬಿಳಿ ಹಾಲು ಉಕ್ಕಾಯಿತು, ಕೆಂಪು ಹಾಲು ಬೇಗ ಮುರಿಯುವ ಕಬ್ಬಿಣ ಆಯಿತು. ಕಮ್ಮಾರ ಅದನ್ನು ಹದ ಮಾಡುವ ನೀರಿಗೆ ಜೇನು ಬೇಕು ಅಂತ ಜೇನುಹುಳುವಿಗೆ ಹೇಳಿದರೆ, ಕದ್ದು ಕೇಳಿಸಿಕೊಂಡ ಕಣಜ ಬಂದು ವಿಷ ಸುರಿಯಿತು. ಅಲ್ಲಿಂದ ಕಬ್ಬಿಣಕ್ಕೆ ಕೆಟ್ಟ ಬುದ್ಧಿ ಬಂತು. ಇಷ್ಟು ತಿಳಿದ ಮೇಲೆ ಮುದುಕ ಕಬ್ಬಿಣವನ್ನು ಬೈಯುತ್ತಾನೆ. ಹಾಲಾಗಿದ್ದಾಗ ನೀನು ಇಷ್ಟು ದೊಡ್ಡವನಾಗಿರಲಿಲ್ಲವಲ್ಲ ಅಂತ.

ನಮ್ಮೂರಲ್ಲಿ ಪೋಕರಿ ಹುಡುಗನಿಗೆ ಅವನ ಅಪ್ಪನ ಹೆಸರು ಹೇಳಿ ಗದರಿಸುವುದಿಲ್ಲವೇ? ನನಗೆ ಹಾಗೇ ಕಾಣಿಸುತ್ತೆ.

ಕರಾವಳಿ ಹಕ್ಕಿ:
ಹುಟ್ಟು ಹೇಳೋದು ನಮ್ಮ ತುಳುನಾಡಿನಲ್ಲೂ ಇದೆಯಲ್ಲ. ಕೋಲದಲ್ಲಿ ಪಾಡ್ದನ ಹೇಳುವಾಗ ಆ ದೈವ ಎಲ್ಲಿ ಹುಟ್ಟಿತು, ಯಾವ ಊರಿಗೆ ಬಂತು, ಎಲ್ಲಿ ನೆಲೆ ನಿಂತಿತು ಅಂತ ಹಾಡುತ್ತಾರೆ. ಆದರೆ ನಿಮ್ಮ ಕೆಲಸಕ್ಕೆ ಇನ್ನೂ ಹತ್ತಿರದ್ದು ಆಟಿ ಕಳಂಜ.

ಆಟಿ ತಿಂಗಳು ಅಂದರೆ ಜುಲೈ-ಆಗಸ್ಟ್. ಜಡಿಮಳೆ, ಮನೆಯಲ್ಲಿ ಅಕ್ಕಿ ಕಡಿಮೆ, ಮನೆಮನೆಗೆ ಕಾಯಿಲೆ. ಆ ಹೊತ್ತಿಗೆ ನಲಿಕೆ ಜನಾಂಗದವರು ಕಳಂಜನ ವೇಷ ಹಾಕಿ ಮನೆಮನೆಗೆ ಬರುತ್ತಾರೆ. ಸೊಂಟಕ್ಕೆ ತೆಂಗಿನ ಸಿರಿ (ಎಳೆ ಗರಿ), ಕೈಯಲ್ಲಿ ತಾಳೆಗರಿಯ ಕೊಡೆ. ಜೊತೆಯವರು ತೆಂಬರೆ ಬಡಿದು ಹಾಡುತ್ತಾರೆ. ಕಳಂಜ ಊರಿನ ಮಾರಿ ಓಡಿಸುತ್ತಾನೆ ಅಂತ ನಂಬಿಕೆ. ಮನೆಯವರು ಅಕ್ಕಿ, ಉಪ್ಪು, ಅರಿಶಿನ, ಮೆಣಸು, ಮಸಿ ಕೊಡುತ್ತಾರೆ.

ಚಿಕ್ಕವಳಿದ್ದಾಗ ನಾನು ಜಗಲಿಯ ಕಂಬಕ್ಕೆ ಅಂಟಿಕೊಂಡು ನೋಡ್ತಿದ್ದೆ. ಕುಣಿಯುವಾಗ ಕೊಡೆ ಗರಗರ ತಿರುಗೋದು. ಗರಿಯ ಅಂಚಿನಿಂದ ಮಳೆನೀರು ಸುತ್ತಲೂ ಸಿಡಿದು ನಮ್ಮ ಮುಖಕ್ಕೂ ಬೀಳೋದು. ಅಮ್ಮ ಒರೆಸೋಕೆ ಬಿಡ್ತಿರಲಿಲ್ಲ.

ಹೇಳಬೇಕಾದ್ದು ಇಷ್ಟು. ಕಾಯಿಲೆಯನ್ನು ಬರಿಗೈಯಲ್ಲಿ ಕಳಿಸುವ ಪದ್ಧತಿ ಇಲ್ಲ. ಏನಾದರೂ ಕೊಟ್ಟು ಕಳಿಸಬೇಕು. ನಿಮ್ಮ ಹೆಬ್ಬಯಲಿನವರು ಕಾವಳಿಗೆ ಏನು ಕೊಡುತ್ತಾರೆ?

ಬಯಲುಕಥೆ:
ಇಷ್ಟು ಬೇಗ ಇಷ್ಟೆಲ್ಲ ಸಿಗುತ್ತೆ ಅಂತ ಅಂದುಕೊಂಡಿರಲಿಲ್ಲ. ಎಲ್ಲರಿಗೂ ಥ್ಯಾಂಕ್ಸ್. ಕಾವಳಿಗೆ ಕೊಡೋಕೆ ಉಪ್ಪು ಇದೆ. ಅಲ್ಲಿ ಜಾಸ್ತಿ ಇರೋದು ಅದೊಂದೇ. ಅವಳು ಬತ್ತಿದ ಬಾವಿಯಲ್ಲಿ ಹುಟ್ಟಿದವಳು ಅಂತ ಇಟ್ಟುಕೊಂಡೆ. ರಾತ್ರಿ ಕೂತು ಹೀಗೆ ಬರೆದೆ:

ಕಾವಳಿ, ನಿನ್ನ ಹೆಸರು ನನಗೆ ಗೊತ್ತು.
ಹಾಳು ಬಾವಿಯ ಮಗಳು ನೀನು.
ಉಪ್ಪು ತಗೋ, ಪಕ್ಕದ ಹಟ್ಟಿಗೆ ಹೋಗು.
ಬಿಡು ಈ ಹುಡುಗನನ್ನು. ತೊಲಗು, ನೀಚಳೇ, ತೊಲಗು.

ಮಲೆನಾಡ ಮಳೆ:
ತುಂಬಾ ಹತ್ತಿರ ಬಂದಿದೆ. ಆದರೆ ಎರಡು ಮಾತು ನನಗೆ ಹಿಡಿಸಲಿಲ್ಲ.

"ಪಕ್ಕದ ಹಟ್ಟಿಗೆ ಹೋಗು" ಅನ್ನೋದು ಓದಿ ಸಂಕಟ ಆಯ್ತು. ಪಕ್ಕದ ಹಟ್ಟಿಯಲ್ಲೂ ಮಕ್ಕಳಿರುತ್ತಾರೆ. ಹಳೆಯ ಹಾಡಿನಲ್ಲಿ ಇದ್ದಿರಬಹುದು, ನಿಮ್ಮ ಅಜ್ಜಿ ಹಾಗೆ ಹೇಳೋದು ಬೇಡ. ಯಾರೂ ಇಲ್ಲದ ಉಪ್ಪಿನ ಗುಡ್ಡ ಇದೆ ಅಂದಿರಲ್ಲ, ಅಲ್ಲಿಗೆ ಕಳಿಸಿ.

ಇನ್ನೊಂದು, ಬೈಗುಳ. ನಮ್ಮಲ್ಲಿ ಮೈಮೇಲೆ ಸಿಡುಬಿನಂಥ ಗುಳ್ಳೆ ಎದ್ದರೆ ಕಾಯಿಲೆ ಬಂತು ಅನ್ನಲ್ಲ, "ಅಮ್ಮ ಬಂದಿದ್ದಾಳೆ" ಅಂತೀವಿ. ನನಗೆ ಚಿಕ್ಕಮ್ಮ, ಅಂದರೆ ಚಿಕನ್‌ಪಾಕ್ಸ್, ಆದಾಗ ಏಳು ವರ್ಷ. ಬಾಗಿಲಿಗೆ ಬೇವಿನ ಸೊಪ್ಪು ಕಟ್ಟಿದ್ರು. ಅಡುಗೆಮನೆಯಲ್ಲಿ ಒಗ್ಗರಣೆ ಹಾಕ್ತಿರಲಿಲ್ಲ. ಮನೆಯಲ್ಲಿ ಯಾರೂ ಜೋರಾಗಿ ಮಾತಾಡ್ತಿರಲಿಲ್ಲ. ಯಾವಾಗಲೂ ಗದರುವ ದೊಡ್ಡಪ್ಪ ಕೂಡ ನನ್ನ ಹತ್ತಿರ ಬಂದು ಮೆಲ್ಲಗೆ "ಏನು ಬೇಕು ತಾಯಿ" ಅಂತ ಕೇಳಿದ್ರು. ಅವರು ಕೇಳಿದ್ದು ನನ್ನನ್ನೋ, ನನ್ನ ಮೈಮೇಲಿದ್ದ ಅಮ್ಮನನ್ನೋ, ಇವತ್ತಿಗೂ ಗೊತ್ತಿಲ್ಲ. ತುರಿಸ್ತಾ ಮಲಗಿದ್ದ ನನಗೆ ಆ ಮಾತು ಎಷ್ಟು ಹಿತವಾಗಿತ್ತು ಅಂದರೆ, ಮೂವತ್ತು ವರ್ಷ ಆದಮೇಲೂ ಅದೇ ಧ್ವನಿ ಕೇಳಿಸುತ್ತೆ. ನಿಮ್ಮ ನೂಲಜ್ಜಿ ಕಾವಳಿಯನ್ನು ಮನೆಗೆ ಬಂದ ನೆಂಟರ ಥರ ಮಾತಾಡಿಸಿ ಎಬ್ಬಿಸಬೇಕು.

ಹಳೇಹೊತ್ತಿಗೆ:
ಅಕ್ಕ ಹೇಳಿದ್ದು ಸರಿ. ನಾನು ಮೊದಲು ಹೇಳಿದ ಅದೇ 25ನೇ ಸೂಕ್ತದ ಕೊನೆಯಲ್ಲಿ "ತಣ್ಣನೆಯ ಜ್ವರಕ್ಕೆ ನಮಸ್ಕಾರ, ಸುಡುವ ಜ್ವರಕ್ಕೆ ನಮಸ್ಕಾರ, ಮೂರನೇ ದಿನಕ್ಕೆ ಮರಳಿ ಬರುವವನಿಗೆ ನಮಸ್ಕಾರ" ಅಂತ ಬರುತ್ತೆ. ಓಡಿಸೋದೂ ಇದೆ, ಕೈ ಮುಗಿಯೋದೂ ಇದೆ.

ಎಲ್ಲಿಗೆ ಕಳಿಸುವುದು ಅನ್ನೋದಕ್ಕೆ ಇನ್ನೊಂದೆರಡು ದಾರಿ ಇವೆ. ಕಾಮಾಲೆಯ ಸೂಕ್ತದಲ್ಲಿ ಮೈಯ ಹಳದಿಯನ್ನು ಗಿಳಿಗಳಿಗೆ, ಬೇರೆ ಹಕ್ಕಿಗಳಿಗೆ ಕೊಟ್ಟುಬಿಡುತ್ತಾರೆ. ಬದಲಿಗೆ ಕೆಂಪು ಹಸುವಿನ ಬಣ್ಣವನ್ನು ರೋಗಿಗೆ ತರುತ್ತಾರೆ. ದಿನ ಬಿಟ್ಟು ದಿನ ಬರುವ ಜ್ವರವನ್ನು ಏಳನೇ ಕಾಂಡದಲ್ಲಿ ಕಪ್ಪೆಯ ಮೈಗೆ ಹೋಗು ಅಂತಾರೆ. ಅಥರ್ವವೇದದ ಆಚರಣೆಗಳನ್ನು ಹೇಳುವ ಕೌಶಿಕ ಸೂತ್ರದಲ್ಲಿ ಇದರ ಕ್ರಮವೂ ಇದೆ, ಕಪ್ಪೆಗೆ ನೀಲಿ ಮತ್ತು ಕೆಂಪು ದಾರ ಕಟ್ಟುವುದು. ನಿಮ್ಮ ನೂಲಜ್ಜಿಗೆ ದಾರದ ನೆಂಟಸ್ತಿಕೆ ಹಳೆಯದೇ.

ಊರ ಡಾಕ್ಟ್ರು:
ತಡವಾಗಿ ಬಂದೆ, ಕ್ಷಮಿಸಿ. ತಾಲ್ಲೂಕು ಊರೊಂದರಲ್ಲಿ ಇಪ್ಪತ್ತೆರಡು ವರ್ಷದಿಂದ ಪ್ರಾಕ್ಟೀಸ್ ಮಾಡ್ತಿದ್ದೇನೆ. ಹಳೇಹೊತ್ತಿಗೆಯವರು ಹೇಳಿದ ತಣ್ಣನೆ, ಸುಡುವ, ಮೂರನೇ ದಿನ ಅನ್ನೋ ಮಾತು ಓದಿದರೆ ನನ್ನಂಥವರಿಗೆ ಕಣ್ಣಿಗೆ ಕಟ್ಟೋದು ಮಲೇರಿಯಾ. ಎಷ್ಟೋ ವಿದ್ವಾಂಸರೂ ಹಾಗೇ ಅಂದುಕೊಂಡಿದ್ದಾರೆ. ಮಳೆಗಾಲ, ಶರತ್ಕಾಲ ಅಂತ ಋತು ಕೂಡ ಆ ಸೂಕ್ತಗಳಲ್ಲಿ ಇದೆ. ಒದ್ದೆ ನೆಲದ ಕಪ್ಪೆಯನ್ನೂ ಕಂಡಿದ್ದಾರೆ. ಕಾಣದೇ ಹೋದದ್ದು ಸೊಳ್ಳೆ ಮಾತ್ರ. ಅದು ಗೊತ್ತಾಗಿದ್ದು 1897ರಲ್ಲಿ, ಸಿಕಂದರಾಬಾದಿನಲ್ಲಿ ರೊನಾಲ್ಡ್ ರಾಸ್ ಸೊಳ್ಳೆಯ ಹೊಟ್ಟೆಯಲ್ಲಿ ಆ ರೋಗಾಣುವನ್ನು ಕಂಡಾಗ.

ಆ ಜ್ವರ ಮೂರು ಹೆಜ್ಜೆಯಲ್ಲಿ ನಡೆಯುತ್ತೆ. ಮೊದಲು ನಡುಕ. ಎಷ್ಟು ಕಂಬಳಿ ಹೊದಿಸಿದರೂ ಹಲ್ಲು ಕಟಕಟ ಅನ್ನುತ್ತೆ. ಇದು ಹೆಚ್ಚೆಂದರೆ ಒಂದು ಗಂಟೆ. ಆಮೇಲೆ ಉರಿ, ಎರಡರಿಂದ ಆರು ಗಂಟೆ. ಮೈ ಕೆಂಡ ಆಗುತ್ತೆ, ಕಂಬಳಿ ಕಿತ್ತು ಒಗೀತಾರೆ. ಕೊನೆಗೆ ಬೆವರು. ಬಟ್ಟೆ, ಹಾಸಿಗೆ ಎಲ್ಲಾ ತೊಯ್ದು, ಜ್ವರ ಬಿಟ್ಟು, ರೋಗಿ ಸುಸ್ತಾಗಿ ನಿದ್ದೆ ಹೋಗ್ತಾರೆ. ಮತ್ತೆ ನಲವತ್ತೆಂಟು ಗಂಟೆಗೆ ಅದೇ ಕಥೆ.

ನಿಮ್ಮ ಕಾವಳಿ ಈ ಥರದ ಜ್ವರ ಆಗಿದ್ದರೆ ನೂಲಜ್ಜಿಯ ಹಾಡಿಗೂ ಮೂರು ಹೆಜ್ಜೆ ಇರಬೇಕು ಅಲ್ವಾ? ಅವಳು ನೂರಾರು ಸಲ ಪಕ್ಕದಲ್ಲಿ ಕೂತು ನೋಡಿದವಳು. ಯಾವುದು ಯಾವಾಗ ಬರುತ್ತೆ ಅಂತ ಅವಳಿಗೆ ಗೊತ್ತು. ನಡುಕ ಮುಗಿಯುವ ಹೊತ್ತಿಗೆ ಅವಳು "ನಡುಕವೇ ಏಳು" ಅಂದರೆ ಅದು ಏಳುತ್ತೆ. ಕೇಳುತ್ತಿರುವ ಹುಡುಗನಿಗೆ, ಇದನ್ನು ಬಲ್ಲವರೊಬ್ಬರು ಪಕ್ಕದಲ್ಲಿದ್ದಾರೆ ಅಂತ ಧೈರ್ಯ ಬರುತ್ತೆ.

ಇನ್ನೊಂದು ಯೋಚನೆ ಬಂತು. ಕೊನೆಯ ಹೆಜ್ಜೆ ಬೆವರು. ನಿಮ್ಮ ಲೋಕದಲ್ಲಿ ನೀರೇ ಇಲ್ಲ. ಹುಡುಗನ ಮೈಮೇಲೆ ಮೂಡುವ ಹನಿ ಮತ್ತು ಬಲೆಯ ಮೇಲೆ ಮೂಡುವ ಹನಿ ನೋಡೋಕೆ ಒಂದೇ ಥರ ಇರುತ್ತವೆ.

ಬಯಲುಕಥೆ:
ಡಾಕ್ಟ್ರೇ, ಕೊನೆಯ ಎರಡು ಸಾಲು ಓದಿ ಎದ್ದು ಮನೆಯೊಳಗೆ ಓಡಾಡಿಬಿಟ್ಟೆ. ಹುಡುಗನ ಮೈಯೇ ಬಲೆ! ಕಾವಳವನ್ನು ಬಲೆ ಹಿಡಿಯುವ ಹಾಗೆ ಕಾವಳಿಯನ್ನು ಅವನ ಮೈ ಹಿಡಿದಿದೆ. ಹನಿಯಾಗಿ ಹೊರಗೆ ಬರುತ್ತಿದೆ. ಅದನ್ನು ಅಜ್ಜಿಯ ನೂಲು ಹೀರಿಕೊಳ್ಳುತ್ತೆ. ನಾಲ್ಕು ವರ್ಷ ಬಲೆಯ ಬಗ್ಗೆ ಬರೆದೂ ಇದು ನನಗೆ ಹೊಳೆದಿರಲಿಲ್ಲ.

ಹೊಸಬ ಓದುಗ:
ಒಂದು ಮಾತು ಕೇಳ್ತೀನಿ, ತಪ್ಪು ತಿಳೀಬೇಡಿ. ಹಾಡು ಹೇಳಿದರೆ ಜ್ವರ ಬಿಡುತ್ತೆ ಅಂತ ಬರೆದರೆ ಓದುವ ಮಕ್ಕಳು ನಂಬಲ್ವಾ? ನಮ್ಮ ನೆಂಟರಲ್ಲೇ ಒಬ್ಬರು ಸರ್ಪಸುತ್ತು ಆದಾಗ ಕಾವಿ ಬರೆಸಿಕೊಂಡು ಕೂತು, ಆಸ್ಪತ್ರೆಗೆ ಹೋಗೋದು ತಡ ಮಾಡಿ, ತಿಂಗಳುಗಟ್ಟಲೆ ನೋವು ತಿಂದರು.

ಊರ ಡಾಕ್ಟ್ರು:
ತಪ್ಪೇನಿಲ್ಲ, ಕೇಳಲೇಬೇಕಾದ ಮಾತು. ಸರ್ಪಸುತ್ತು ಒಂದು ವೈರಸ್‌ನಿಂದ ಬರೋದು. ಗುಳ್ಳೆ ಕಂಡ ಮೂರು ದಿನದೊಳಗೆ ಮಾತ್ರೆ ಶುರು ಮಾಡಿದರೆ ತುಂಬಾ ಉಪಯೋಗ. ಕಾವಿ ಹಚ್ಚಿಕೊಂಡು ಬಂದವರನ್ನು ನಾನು ಬೈದು ಕಳಿಸಲ್ಲ. ಹಚ್ಚಿಕೊಳ್ಳಿ, ಮಾತ್ರೆಯನ್ನೂ ತಗೊಳ್ಳಿ ಅಂತೀನಿ. ಬೈದರೆ ಮುಂದಿನ ಸಲ ಇನ್ನೂ ತಡವಾಗಿ ಬರ್ತಾರೆ. ಮಲೇರಿಯಾಕ್ಕಂತೂ ರಕ್ತಪರೀಕ್ಷೆ, ಔಷಧಿ ಬಿಟ್ಟರೆ ಬೇರೆ ದಾರಿಯೇ ಇಲ್ಲ.

ಹಾಡು ಮಾಡುವ ಕೆಲಸ ಬೇರೆ. ಪನಾಮಾ ದೇಶದ ಕುನಾ ಜನರಲ್ಲಿ ಹೆರಿಗೆ ಕಷ್ಟವಾದಾಗ ಹೇಳುವ ಒಂದು ಹಾಡಿದೆ. 1947ರಲ್ಲಿ ಅಚ್ಚಾಯಿತು, 535 ಸಾಲು. ಹೆರುವವಳ ಮೈಯೊಳಗಿನ ದಾರಿಯನ್ನೇ ಒಂದು ಪ್ರಯಾಣದ ಹಾಗೆ ಅದು ಹೇಳುತ್ತಾ ಹೋಗುತ್ತೆ. ಎಲ್ಲಿ ಇಕ್ಕಟ್ಟು, ಎಲ್ಲಿ ಕಾವಲು, ಹೇಗೆ ದಾಟಬೇಕು ಅಂತ. ನೋವಿಗೆ ಒಂದು ದಾರಿ, ಒಂದು ಕೊನೆ ಇದೆ ಅಂತ ಗೊತ್ತಾದರೆ ತಡಕೊಳ್ಳುವ ಶಕ್ತಿ ಬರುತ್ತೆ. ಲೇಬರ್ ವಾರ್ಡಿನಲ್ಲಿ ಒಳ್ಳೆಯ ಸಿಸ್ಟರ್ ಒಬ್ಬರು "ಇನ್ನೊಂದೇ ನೋವು, ಇನ್ನೊಂದೇ" ಅಂತ ಕೈ ಹಿಡಿದು ಹೇಳೋದನ್ನು ನಾನು ನೋಡಿದ್ದೀನಿ.

ಬಯಲುಕಥೆಯವರು ಬೇಕಾದರೆ ಕಥೆಯಲ್ಲಿ ಒಂದು ಬೇರೋ ತೊಗಟೆಯೋ ಕುದಿಸಿದ ಕಷಾಯ ಕೊಡಿಸಲಿ. ಹಾಡು ಜೊತೆಗಿರಲಿ.

ಕರಾವಳಿ ಹಕ್ಕಿ:
ಶ್ರೀಲಂಕಾದ ದಕ್ಷಿಣದಲ್ಲಿ ಸನ್ನಿ ಯಕುಮ ಅಂತ ಒಂದು ಆಚರಣೆ ಇದೆ. ಹದಿನೆಂಟು ಕಾಯಿಲೆಗೆ ಹದಿನೆಂಟು ಯಕ್ಷರು, ಒಬ್ಬೊಬ್ಬರಿಗೂ ಒಂದೊಂದು ಮುಖವಾಡ. ಕುರುಡಿಗೆ ಒಂದು, ಕಿವುಡಿಗೆ ಒಂದು. ಕಾಯಿಲೆಯೇ ಮುಖವಾಡ ಹಾಕಿಕೊಂಡು ಎದುರಿಗೆ ಬಂದು, ಮದ್ದಳೆಯವನ ಜೊತೆ ಮಾತಾಡಿ, ಎಡೆ ಇಸಕೊಂಡು ಹೋಗುತ್ತೆ. ಡಾಕ್ಟ್ರು ಹೇಳಿದ ಮಾತಿಗೆ ಇದು ನೆನಪಾಯ್ತು. ಕಣ್ಣಿಗೆ ಕಂಡ ಮೇಲೆ ಹೆದರಿಕೆ ಅರ್ಧ ಕಡಿಮೆ.

ಬೀಸುಕಲ್ಲು:
ಧಾರವಾಡದಿಂದ. ಹೂರಣದ ಮಾತು ಎಲ್ಲರೂ ಆಡಿದ್ದೀರಿ, ನಾನು ಕಣಕದ ಮಾತು ಆಡುತ್ತೇನೆ. ಎರಡನೇ ಸಲ ಬರೆದದ್ದು ಮಾತಾಗಿದೆ, ಹಾಡಾಗಿಲ್ಲ. ರಾತ್ರಿಯಿಡೀ ಅಜ್ಜಿ ಅದನ್ನು ಹೇಳೋಕೆ ಆಗುವುದಿಲ್ಲ. ಕೈ ನೂಲು ಸುತ್ತುತ್ತಿದೆ, ಬಾಯಿ ಆ ಕೈಯ ಜೊತೆ ಹೋಗಬೇಕು.

ನಮ್ಮಲ್ಲಿ ಕೈಗೂ ಬಾಯಿಗೂ ಗಂಟು ಹಾಕುವ ಮಟ್ಟು ತ್ರಿಪದಿ. ಬೀಸುವಾಗ, ಕುಟ್ಟುವಾಗ, ತೊಟ್ಟಿಲು ತೂಗುವಾಗ ಹೆಣ್ಣುಮಕ್ಕಳು ಹಾಡಿದ್ದು ಅದನ್ನೇ. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲೂ ಇದೆ, ಅಂದರೆ ಹತ್ತಿರ ಹತ್ತಿರ 1300 ವರ್ಷದ ಹಳೆಯ ಮಟ್ಟು. ಎರಡು ಸಾಲು ಉದ್ದ, ಮೂರನೆಯದು ಗಿಡ್ಡ. ಕಲ್ಲು ಒಂದು ಸುತ್ತು ಬರುವ ಹೊತ್ತಿಗೆ ಉಸಿರು ಮುಗಿಯುತ್ತೆ, ಗಿಡ್ಡ ಸಾಲಿನಲ್ಲಿ ಹೊಸ ಉಸಿರು ತಗೊಳ್ಳೋಕೆ ಜಾಗ ಸಿಗುತ್ತೆ. ಐದೈದು ಮಾತ್ರೆ ಎಣಿಸಿ ಬರೆಯಿರಿ, ಅಲ್ಲೊಂದು ಇಲ್ಲೊಂದು ಕಡಿಮೆಯಾದರೆ ಹಾಡುವವರು ಎಳೆದುಕೊಳ್ಳುತ್ತಾರೆ. ಸಂಸ್ಕೃತದ ದೊಡ್ಡ ಮಾತು ಬಿಡಿ. ಆ ಅಜ್ಜಿಯ ಬಾಯಲ್ಲಿ ಉಪ್ಪು, ನೂಲು, ಹನಿ, ಕೂಸು ಇವೇ ಇರುತ್ತವೆ.

ಒಂದು ಕೇಳಿಕೆಯೂ ಇದೆ. ಯಾರದಾದರೂ ಮನೆತನದ ನಿಜವಾದ ಮಂತ್ರ ಎತ್ತಿ ಇದರಲ್ಲಿ ಹಾಕಬೇಡಿ. ನಮ್ಮಜ್ಜ ಚೇಳು ಕಡಿದವರಿಗೆ ಮಂತ್ರ ಹಾಕುತ್ತಿದ್ದ. ದುಡ್ಡು ಮುಟ್ಟುತ್ತಿರಲಿಲ್ಲ. ಗ್ರಹಣದ ಹೊತ್ತಿಗೆ ನೀರಲ್ಲಿ ನಿಂತು ಅದನ್ನು ಮತ್ತೆ ಹೇಳಿಕೊಳ್ಳುತ್ತಿದ್ದ. ನಾನು ಎಷ್ಟು ಕೇಳಿದರೂ ಕಲಿಸಲಿಲ್ಲ, "ನಿನಗೆ ಊರು ಬಿಟ್ಟು ಹೋಗುವ ಕಾಲು ಇದೆ" ಅಂದ. ಅವನ ಜೊತೆಗೇ ಹೋಯಿತು. ನನಗೆ ಬೇಜಾರಿದೆ. ಆದರೂ ಅವನು ಮುಚ್ಚಿಟ್ಟದ್ದನ್ನು ನಾನು ಬಿಚ್ಚುವ ಹಾಗಿಲ್ಲ. ನಿಮ್ಮ ಲೋಕ ನಿಮ್ಮದು, ಹಾಡೂ ನಿಮ್ಮದೇ ಇರಲಿ.

ಬಯಲುಕಥೆ:
ಸರ್, ನಿಮ್ಮ ಅಜ್ಜನ ಮಾತು ಮನಸ್ಸಿನಲ್ಲಿ ಉಳಿಯಿತು. ಯಾರ ಮಂತ್ರವನ್ನೂ ಮುಟ್ಟಿಲ್ಲ.

ಒಂಬತ್ತು ದಿನ ತಗೊಂಡೆ. ಮಗ್ಗುಲಲ್ಲಿ ದಾರದ ಉಂಡೆ ಇಟ್ಟುಕೊಂಡು, ದಿಂಬಿಗೆ ಸುತ್ತುತ್ತಾ ಬಾಯಲ್ಲಿ ಹೇಳಿಕೊಂಡು ಬರೆದೆ. ಕೈಗೆ ತಡೆಯಾದ ಸಾಲೆಲ್ಲ ಹೊಡೆದುಹಾಕಿದೆ. ನಡುಕಕ್ಕೆ ಚಳಿಯಕ್ಕ ಅಂತ, ಉರಿಗೆ ಅವಳ ತಂಗಿ ಅಂತ ಹೆಸರಿಟ್ಟೆ. ಈಗ ಹೀಗಿದೆ:

ಹಾಳುಬಾವಿಯ ಹೊಟ್ಟೆಯೊಳಗೆ ನೀ ಹುಟ್ಟಿದೆ
ಕಾವಳವೆ ತಾಯಾಗಿ ತೂಗಿತ್ತು, ಕಾವಳಿ
ನಿನ್ನೂರು ನನಗೆ ಗೊತ್ತವ್ವ

ಮೊದಲು ನಡುಗಿಸಿದೆಯಲ ಬಲೆಯಂತೆ ಮಗುವನ್ನ
ನಡುಗಿ ಸಾಕಾಯ್ತವಗೆ, ಚಳಿಯಕ್ಕ, ಎದ್ದೇಳು
ನಿನ ತಂಗಿ ಬಾಗಿಲಿಗೆ ಬಂದ್ಲು

ಉರಿತಂಗಿ ಬಂದೆಯಾ, ಕೂತೆಯಾ, ಉಂಡೆಯಾ
ಹಾಸಿಗೆಯ ಸುಟ್ಟೆಯಾ, ಹಣೆಯನ್ನ ಸುಟ್ಟೆಯಾ
ಉಪ್ಪುಂಡು ಹೊರಡವ್ವ, ಏಳು

ಹೆಬ್ಬೆರಳ ಹಿಡಿದು ಬಾ, ಮೊಣಕಾಲ ದಾಟಿ ಬಾ
ಸೊಂಟವನು ಸುತ್ತಿ ಬಾ, ಎದೆಯನ್ನು ಹತ್ತಿ ಬಾ
ನೆತ್ತಿಯಿಂದಾಚೆಗೆ ಹಾರು

ಕೂಸಿನಾ ಮೈಯೆಲ್ಲ ಬಲೆಯಾಗಿ ಹನಿಯಿತ್ತು
ಹನಿಯೆಲ್ಲ ನೂಲಲ್ಲಿ ನಿಂತಾವೆ, ಕಾವಳಿ
ನಿನ ದಾರಿ ನೂಲಾಗಿ ಬಿತ್ತು

ಉಪ್ಪಿನಾ ಗುಡ್ಡಕ್ಕೆ ಹೋಗವ್ವ, ಅಲ್ಲುಂಟು
ನಡುಗದಾ ಕಲ್ಲುಂಟು, ಬೆವರದಾ ಬಯಲುಂಟು
ಹಡೆದವರ ಕೂಸಿಲ್ಲ ಅಲ್ಲಿ

ಹಾಡು ಮುಗಿದ ಮೇಲೆ ಅಜ್ಜಿ ನೆಂದ ನೂಲನ್ನು ಬಿಚ್ಚಿ, ಉಪ್ಪಿನ ಗುಡ್ಡದಲ್ಲಿ ಹೂತು ಬರುತ್ತಾಳೆ.

ಹೆಲ್ಸಿಂಕಿ ಚಳಿ:
"ಹಡೆದವರ ಕೂಸಿಲ್ಲ ಅಲ್ಲಿ." ಈ ಸಾಲಿಗೆ ಗಂಟಲು ಕಟ್ಟಿತು. ಇಲ್ಲಿ ಹೊರಗೆ ಮೈನಸ್ ಹದಿನೆಂಟು. ಮಗಳಿಗೆ ಎರಡು ದಿನದಿಂದ ಜ್ವರ, ಔಷಧಿ ಕೊಟ್ಟು ಮಲಗಿಸಿದ್ದೇನೆ. ಅವಳ ಪಕ್ಕದಲ್ಲಿ ಕೂತೇ ಓದಿದೆ.

ಬೀಸುಕಲ್ಲು:
ಬೀಸುವ ಮಟ್ಟಿನಲ್ಲಿ ಹಾಡಿ ನೋಡಿದೆ, ಕೂಡುತ್ತೆ. "ನಡುಗಿಸಿದೆಯಲ" ಸ್ವಲ್ಪ ಬಾಯಿಗೆ ತೊಡಕು, ಆದರೆ ನಡುಕದ ಸಾಲು ಹಾಗೆ ತೊಡರಿದರೂ ಸರಿಯೇ. ಬಿಡಿ.

ಮಲೆನಾಡ ಮಳೆ:
ನಮ್ಮಮ್ಮನಿಗೆ ಓದಿ ಹೇಳಿದೆ. ಅವರಿಗೆ ಎಪ್ಪತ್ತನಾಲ್ಕು. ಬೆಳ್ಳುಳ್ಳಿ ಸುಲಿಯುತ್ತಾ ಕೇಳಿಸಿಕೊಂಡರು. ಚಳಿಯಕ್ಕನ ಸಾಲಿಗೆ ತಲೆಯಾಡಿಸಿದರು. ಹೆಬ್ಬೆರಳಿನ ಸಾಲು ಬಂದ ಕೂಡಲೇ ಕೈ ನಿಂತಿತು.

"ಅದೇನದು, ಜ್ವರಾನ ಕಾಲಿಂದ ತಲೆಗೆ ಹತ್ತಿಸ್ತಾಳಾ ನಿಮ್ಮಜ್ಜಿ? ಜ್ವರ ಇಳೀಬೇಕಲ್ವಾ?" ಅಂದರು.

ಕಥೆಯಲ್ಲಿ ಹಾಗಿದೆ ಅಮ್ಮ ಅಂದೆ. ಅವರು ಒಪ್ಪಲಿಲ್ಲ. "ಜ್ವರ ಇಳೀತು ಅಂತೀವಿ, ವಿಷ ಇಳೀತು ಅಂತೀವಿ, ಅಮ್ಮ ಇಳಿದಳು ಅಂತೀವಿ. ತಲೆಗೆ ಏರಿದರೆ ಉಳಿಯೋದುಂಟಾ? ಎಣ್ಣೆ ನೀವೋದೂ ಮೇಲಿಂದ ಕೆಳಕ್ಕೆ. ನೂಲು ನೆತ್ತಿಯಿಂದ ಶುರು ಮಾಡಿ ಕಾಲಲ್ಲಿ ಬಿಡಬೇಕು ಅಂತ ಹೇಳು ಆ ಹುಡುಗನಿಗೆ" ಅಂದರು. ನೀವು ಹುಡುಗನೋ ಹುಡುಗಿಯೋ ನನಗೂ ಗೊತ್ತಿಲ್ಲ, ಅಮ್ಮ ಹೇಳಿದ ಹಾಗೇ ಬರೆದಿದ್ದೇನೆ.

ಬಯಲುಕಥೆ:
ಹುಡುಗನೇ, ಅಕ್ಕ. ಅಮ್ಮನಿಗೆ ನನ್ನ ನಮಸ್ಕಾರ ತಿಳಿಸಿ. ಆ ತ್ರಿಪದಿ ತಿದ್ದಿದ್ದೇನೆ. ಅಧ್ಯಾಯದಲ್ಲಿ ಅಜ್ಜಿ ನೂಲು ಸುತ್ತುವುದನ್ನೂ ನೆತ್ತಿಯಿಂದಲೇ ಶುರು ಮಾಡಿಸಿದ್ದೇನೆ. ಅಮ್ಮನಿಗೆ ಇನ್ನೊಮ್ಮೆ ಓದಿ ಹೇಳ್ತೀರಾ?

ನೆತ್ತಿಯಿಂ ಕೊರಳಿಗಿಳಿ, ಕೊರಳಿಂದ ಎದೆಗಿಳಿ
ಎದೆಯಿಂದ ಸೊಂಟಕ್ಕೆ, ಮೊಣಕಾಲಿಗಿಳಿಯವ್ವ
ಹೆಬ್ಬೆರಳ ತುದಿಯಿಂದ ಇಳಿಯೇ